ಮಕ್ಕಳ ಆಟದ ತಾಣ

ಮಕ್ಕಳ ಆಟದ ತಾಣ ಎಂದರೆ ಆಟಕ್ಕೆಂದೇ ನಿರ್ಮಿಸಿದ ಅಥವಾ ಮಕ್ಕಳು ತಾವಾಗಿಯೇ ಆಟಕ್ಕೆ ಒಗ್ಗಿಸಿಕೊಂಡ ಜಾಗ. ಅದರ ಅಳತೆ, ಎತ್ತರ, ನೆಲ, ನೆರಳು ಮತ್ತು ಬೇಲಿಗಳು ಮಗುವಿನ ಗ್ರಹಿಕೆ ಹಾಗೂ ವರ್ತನೆಯ ಮೇಲೆ ಪ್ರಭಾವ ಬೀರುತ್ತವೆ.

ಗ್ರಹಿಕೆ

ಅಮೆರಿಕದ ಮನೋವಿಜ್ಞಾನಿ ಜೇಮ್ಸ್ ಜೆ. ಗಿಬ್ಸನ್ 1979ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ, ಜೀವಿಯು ಪರಿಸರವನ್ನು ನೋಡುವಾಗ ಅದು ಒದಗಿಸುವ ಕ್ರಿಯೆಯ ಅವಕಾಶಗಳನ್ನು ನೇರವಾಗಿ ಗ್ರಹಿಸುತ್ತದೆ ಎಂದು ವಾದಿಸಿದನು. ಈ ಅವಕಾಶಕ್ಕೆ ಆತ ಕೊಟ್ಟ ಹೆಸರು ಅಫೋರ್ಡೆನ್ಸ್. ಅದು ನೋಡುವವರ ದೇಹದ ಅಳತೆಯನ್ನೂ ಅವಲಂಬಿಸಿದೆ. ಒಂದೇ ಅರಳಿಕಟ್ಟೆ ಮೂರು ವರ್ಷದ ಮಗುವಿಗೆ ಹತ್ತಬೇಕಾದ ಗೋಡೆ, ಹತ್ತು ವರ್ಷದವರಿಗೆ ಜಿಗಿಯುವ ಜಾಗ, ಹಿರಿಯರಿಗೆ ಆಸನ.

ಚಿಕ್ಕಬಳ್ಳಾಪುರ ಪ್ರದೇಶದಲ್ಲಿ

ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ ಮತ್ತು ಶಿಡ್ಲಘಟ್ಟ ತಾಲ್ಲೂಕುಗಳ ಹಳ್ಳಿಗಳಲ್ಲಿ ಮನೆಯ ಜಗಲಿ, ದೇವಸ್ಥಾನದ ಕಟ್ಟೆ, ಬೇಸಿಗೆಯಲ್ಲಿ ಬತ್ತಿದ ಕೆರೆಯಂಗಳಗಳೇ ಹಿಂದಿನಿಂದ ಆಟದ ತಾಣಗಳು. ಜಗಲಿಯ ಚಪ್ಪಡಿ ಕಲ್ಲು ಚೌಕಾಬಾರ, ಅಚ್ಚಿನಕಲ್ಲುಗಳಂಥ ಕುಳಿತಾಡುವ ಆಟಗಳಿಗೆ ಒದಗುತ್ತದೆ. ಮಣ್ಣಿನ ನೆಲ ಗೋಲಿಯ ಕುಳಿಗೆ, ಕುಂಟೆಬಿಲ್ಲೆಯ ಗೆರೆಗೆ, ವಿಶಾಲವಾದ ಕೆರೆಯಂಗಳ ಕ್ರಿಕೆಟ್ಟಿಗೆ. ಈ ತಾಣಗಳು ಕಾಲಕ್ಕೆ ತಕ್ಕಂತೆ ಬದಲಾಗುತ್ತವೆ. ಕೆರೆ ತುಂಬಿದರೆ ಮೈದಾನವಿಲ್ಲ. ರೇಷ್ಮೆ ಸಾಕುವ ಮನೆಗಳಲ್ಲಿ ಹುಳು ಗೂಡು ಕಟ್ಟುವ ದಿನಗಳಲ್ಲಿ ಅಂಗಳವು ಚಂದ್ರಿಕೆಗಳ ಪಾಲಾಗುತ್ತದೆ. ಮಕ್ಕಳು ಬೀದಿಗೆ ಸರಿಯುತ್ತಾರೆ.

ಪಟ್ಟಣದ ಉದ್ಯಾನಗಳ ಜಾರುಬಂಡೆ, ಉಯ್ಯಾಲೆಗಳು ಇದಕ್ಕಿಂತ ಭಿನ್ನ. ಪ್ರತಿಯೊಂದಕ್ಕೂ ನಿಗದಿತ ಬಳಕೆ ಒಂದೇ ಆದ್ದರಿಂದ ಅವು ಸರದಿ ಕಾಯುವುದನ್ನು ಕಲಿಸುತ್ತವೆ, ಹೊಸ ಆಟ ಹುಟ್ಟಲು ಹೆಚ್ಚು ಎಡೆ ಕೊಡುವುದಿಲ್ಲ. ಮಕ್ಕಳು ಜಾರುಬಂಡೆಯನ್ನು ಕೆಳಗಿನಿಂದ ಹತ್ತುವುದು ಸಾಮಾನ್ಯವಾಗಿ ತುಂಟತನವೆನಿಸಿಕೊಳ್ಳುತ್ತದೆ. ವಾಸ್ತವವಾಗಿ ಅದು ಆ ಇಳಿಜಾರಿನಲ್ಲಿರುವ ಎರಡನೆಯ ಅವಕಾಶದ ಶೋಧ. ಇಲ್ಲಿನ ಬಯಲುಸೀಮೆಯ ಬಿಸಿಲಿನಲ್ಲಿ ನೆರಳಿಲ್ಲದ ತಗಡಿನ ಜಾರುಬಂಡೆ ಮಧ್ಯಾಹ್ನ ಮುಟ್ಟಲೂ ಆಗದಷ್ಟು ಕಾಯುತ್ತದೆ.

ವರ್ತನೆ

ಬ್ರಿಟನ್ನಿನ ಸೈಮನ್ ನಿಕಲ್ಸನ್ 1971ರಲ್ಲಿ, ಮಕ್ಕಳು ಸ್ವತಃ ಸರಿಸಿ ಜೋಡಿಸಬಹುದಾದ ಬಿಡಿ ವಸ್ತುಗಳು ಹೆಚ್ಚಿದಷ್ಟೂ ಸೃಜನಶೀಲತೆಯ ಸಾಧ್ಯತೆ ಹೆಚ್ಚುತ್ತದೆ ಎಂದು ಪ್ರತಿಪಾದಿಸಿದನು. ಲಗೋರಿಯ ಹೆಂಚಿನ ಚೂರುಗಳು, ಮರಳು, ಕಡ್ಡಿಗಳು ಇಂಥ ವಸ್ತುಗಳು.

ಒಂದೇ ತೆರೆದ ಮೈದಾನವಿರುವಲ್ಲಿ ದೊಡ್ಡ ಹುಡುಗರ ಚೆಂಡಾಟವೇ ಅದನ್ನು ಆಕ್ರಮಿಸುವುದುಂಟು. ವಿಯೆನ್ನಾ ನಗರದಲ್ಲಿ ಒಂಬತ್ತು ವರ್ಷ ದಾಟಿದ ಹುಡುಗಿಯರು ಉದ್ಯಾನಗಳಿಂದ ದೂರವಾಗುತ್ತಿರುವುದು 1990ರ ದಶಕದ ಅಧ್ಯಯನದಲ್ಲಿ ಕಂಡುಬಂದಿತು. ಆ ಬಳಿಕ ಎರಡು ಉದ್ಯಾನಗಳನ್ನು ಕಾಲುದಾರಿ ಹಾಗೂ ಗಿಡಗಳಿಂದ ಸಣ್ಣ ಭಾಗಗಳಾಗಿ ವಿಂಗಡಿಸಿದಾಗ ಅವರ ಬಳಕೆ ಹೆಚ್ಚಿತು.

ಕಾನೂನು

ಭಾರತದ ಶಿಕ್ಷಣ ಹಕ್ಕು ಕಾಯ್ದೆ, 2009 ಪ್ರತಿ ಶಾಲೆಗೂ ಆಟದ ಮೈದಾನ, ಆವರಣ ಗೋಡೆ ಅಥವಾ ಬೇಲಿ ಮತ್ತು ಆಟದ ಸಾಮಗ್ರಿ ಇರಬೇಕೆಂದು ವಿಧಿಸುತ್ತದೆ. ಮೈದಾನದ ವಿಸ್ತೀರ್ಣವನ್ನಾಗಲಿ, ಅದರಲ್ಲಿ ನೆರಳಿರಬೇಕೆಂದಾಗಲಿ ಕಾಯ್ದೆಯ ಅನುಸೂಚಿ ಹೇಳುವುದಿಲ್ಲ.