ಗೋಡೆಯ ಬಳಿಯ ಕ್ಯಾಮೆರಾ

ಹನುಮಸಾಗರವು ರಾಯಚೂರು ಜಿಲ್ಲೆಗೆ ಸೇರಿದ್ದ ಕಾಲ. 1975ರ ಆಗಸ್ಟ್‌ನಿಂದ ಒಂದು ವರ್ಷ, ಅಮೆರಿಕದ ಉಪಗ್ರಹವೊಂದರ ನೆರವಿನಿಂದ, ಆ ಜಿಲ್ಲೆಯ ಆಯ್ದ ಹಳ್ಳಿಗಳ ಜನರು ಒಂದೇ ಪೆಟ್ಟಿಗೆಯ ಮುಂದೆ ಕಲೆತು ದೂರದರ್ಶನ ನೋಡಿದರು. ಇಂದು ಅದೇ ಸೀಮೆಯಲ್ಲಿ ದೂರದೇಶದ ಯುದ್ಧಗಳು ಅಂಗೈಯ ಮೊಬೈಲಿನಲ್ಲಿ ಕಾಣುತ್ತವೆ. ಪರರ ಸಂಕಟವನ್ನು ಹೀಗೆ ಕಂಡವನ ಹೊಣೆಯೇನು? ಬರ್ಲಿನ್ ನಗರದ ಇತಿಹಾಸ ಈ ಪ್ರಶ್ನೆಯನ್ನು ನಮ್ಮ ಮುಂದಿಡುತ್ತದೆ.

ಅಮೆರಿಕ ಮತ್ತು ಸೋವಿಯತ್ ಒಕ್ಕೂಟಗಳ ಹಗೆತನದ ನಡುವೆ, 1961ರ ಆಗಸ್ಟ್ 13ರಂದು ಪೂರ್ವ ಜರ್ಮನಿಯು ಮುಳ್ಳುತಂತಿ ಎಳೆದು ಆ ನಗರವನ್ನು ಸೀಳಿತು. ಬಳಿಕ ಗೋಡೆ ಎದ್ದಿತು. ಮರುವರ್ಷ ಪಶ್ಚಿಮ ಬರ್ಲಿನ್ನಿನ ವಿದ್ಯಾರ್ಥಿಗಳು ಬರ್ನಾವರ್ ಬೀದಿಯ ಅಡಿಯಲ್ಲಿ ಗುಟ್ಟಾಗಿ ಸುರಂಗ ತೋಡಿದರು. ಚಿತ್ರೀಕರಣದ ಹಕ್ಕಿಗಾಗಿ ಅಮೆರಿಕದ ಎನ್‌ಬಿಸಿ ಅವರಿಗೆ ಹಣ ನೀಡಿತು. ಸೆಪ್ಟೆಂಬರ್ 14 ಮತ್ತು 15ರಂದು 29 ಮಂದಿ ಆ ಸುರಂಗದಲ್ಲಿ ತೆವಳಿ ಪಾರಾದರು. ಅಮೆರಿಕದ ವಿದೇಶಾಂಗ ಇಲಾಖೆ ಆಕ್ಷೇಪಿಸಿತು. ನಡುವೆ ಕ್ಯೂಬಾ ಬಿಕ್ಕಟ್ಟು ಬಂದಿತು. ಚಿತ್ರ ಪ್ರಸಾರವಾದದ್ದು ಡಿಸೆಂಬರ್ 10ರಂದು.

ಹಣ ಕೊಟ್ಟ ಸಾಕ್ಷಿ ನಿಷ್ಪಕ್ಷಪಾತಿಯೇ ಎಂಬ ಶಂಕೆ ನ್ಯಾಯವಾದದ್ದೇ. ಆದರೆ ಆ ಹಣ ಅಗೆತಕ್ಕೆ ಬೇಕಾದ ಸಾಮಗ್ರಿಗೂ ಒದಗಿತೆಂಬುದನ್ನು ಮರೆಯಲಾಗದು.

ಸುರಂಗ ತೆರೆಯುವುದಕ್ಕೆ ನಾಲ್ಕು ವಾರ ಮೊದಲು, ಆಗಸ್ಟ್ 17ರಂದು, ಗೋಡೆ ದಾಟಲೆತ್ನಿಸಿದ 18 ವರ್ಷದ ಪೀಟರ್ ಫೆಕ್ಟರ್ ಗುಂಡೇಟಿಗೆ ಬಿದ್ದ. ಸುಮಾರು ಒಂದು ಗಂಟೆ ಕಾಲ ನೆತ್ತರು ಸುರಿಸುತ್ತ ನೆರವಿಗಾಗಿ ಕೂಗಿದ. ಪಶ್ಚಿಮದ ಪೊಲೀಸರು ಗೋಡೆಯಾಚೆಗೆ ಗಾಯದ ಪಟ್ಟಿ ಎಸೆದರು. ಬಳಿಗೆ ಹೋಗುವ ಧೈರ್ಯ ಯಾರಿಗೂ ಆಗಲಿಲ್ಲ. ಕಾವಲುಗಾರರು ಅವನನ್ನು ಎತ್ತಿಕೊಂಡು ಹೋದ ದೃಶ್ಯ ಕ್ಯಾಮೆರಾದಲ್ಲಿ ಉಳಿಯಿತು. ಅವನ ಪ್ರಾಣ ಉಳಿಯಲಿಲ್ಲ.

ಕ್ರಿಸ್ತರು ಹೇಳಿದ ಸಾಮತಿಯಲ್ಲಿ, ಗಾಯಗೊಂಡು ಬಿದ್ದವನನ್ನು ಯಾಜಕನೂ ಕಂಡ, ಲೇವಿಯನೂ ಕಂಡ. ಸಮಾರಿಯದವನೊಬ್ಬನೇ ಹತ್ತಿರ ಹೋದ. ಯಾಜಕನಾದ ನನಗೆ ಈ ಕಥೆ ಪ್ರತಿಸಲವೂ ಚುಚ್ಚುತ್ತದೆ. ಬರ್ಲಿನ್ನಿನ ಜನರನ್ನು ತಡೆದದ್ದು ಬಂದೂಕು. ನಮ್ಮನ್ನು ತಡೆಯುವುದೇನು? ಕಡಲಾಚೆಯ ಊರಿನ ಕಣ್ಣೀರಿಗೆ ಮರುಗುವ ನಾವು, ನಮ್ಮೂರಿನ ಅಂಚಿನ ಕೇರಿಗೆ ಎಷ್ಟು ಸಲ ಹೋಗಿದ್ದೇವೆ, ಅಲ್ಲಿನವರ ಮನೆಯಲ್ಲಿ ಎಷ್ಟು ಸಲ ಕುಳಿತಿದ್ದೇವೆ? ಬರ್ಲಿನ್ನಿನ ಗೋಡೆ 1989ರ ನವೆಂಬರ್ 9ರಂದು ತೆರೆಯಿತು. ಪ್ರಿಯ ಓದುಗರೇ, ನಮ್ಮ ಗೋಡೆಗೆ ಕಾವಲುಗಾರನೂ ಇಲ್ಲ.