ಆಕಾಶದಿಂದ ಇಳಿದ ಆಟಗಳು

1995ರ ಆಗಸ್ಟ್ ತಿಂಗಳು. ಜಪಾನಿನ ಅನೇಕ ಮನೆಗಳಲ್ಲಿ ಹುಡುಗರು ಗಡಿಯಾರ ನೋಡಿಕೊಂಡು ಟಿವಿಯ ಮುಂದೆ ಬಂದು ಕುಳಿತರು. ಅವರು ಕಾಯುತ್ತಿದ್ದುದು ಧಾರಾವಾಹಿಗಲ್ಲ, ಕ್ರಿಕೆಟ್ಟಿನಂಥ ನೇರಪ್ರಸಾರಕ್ಕೂ ಅಲ್ಲ; ಒಂದು ವಿಡಿಯೋ ಗೇಮಿಗೆ. ನಿಗದಿತ ಹೊತ್ತಿಗೆ ಉಪಗ್ರಹದಿಂದ ‘ಜೆಲ್ಡಾ’ ಎಂಬ ಸಾಹಸದ ಆಟ ಮನೆಗೆ ಇಳಿದು ಬಂತು. ಒಂದು ಗಂಟೆ ಆಡಬಹುದು. ಗಂಟೆ ಮುಗಿದರೆ ಆಟವೂ ಮುಗಿಯಿತು, ಮುಂದಿನ ಭಾಗಕ್ಕೆ ಮುಂದಿನ ವಾರ ಕಾಯಬೇಕು. ಹೀಗೆ ನಾಲ್ಕು ವಾರ, ನಾಲ್ಕು ಕಂತು. ಅನಂತರ ಕೆಲವು ಸಲ ಮರುಪ್ರಸಾರವಾಯಿತು. ಅಂಗಡಿಯಲ್ಲಿ ಮಾತ್ರ ಆ ಆಟ ಎಂದೂ ಮಾರಾಟಕ್ಕೆ ಬರಲಿಲ್ಲ.

ಹಾಗಿದ್ದರೂ ಆ ಆಟವನ್ನು ಇಂದು ಆಡಲು ಸಾಧ್ಯವಿದೆ. ಪೂರ್ತಿಯಾಗಿ ಅಲ್ಲ, ಮುಕ್ಕಾಗಿ. ಅದು ಹೇಗೆ ಉಳಿಯಿತು, ಎಷ್ಟು ಉಳಿಯಿತು, ಉಳಿಸಿದವರು ಯಾರು ಎಂಬುದು ಆಟಕ್ಕಿಂತ ಕುತೂಹಲದ ಕಥೆ.

ನಿಂಟೆಂಡೊ ಎಂಬ ಹೆಸರು ನಮ್ಮವರಿಗೆ ತೀರ ಅಪರಿಚಿತವಲ್ಲ. 1990ರ ದಶಕದಲ್ಲಿ ನಮ್ಮ ಊರುಗಳಲ್ಲಿ ‘ಟಿವಿ ಗೇಮ್’ ಎಂದು ಮಾರುತ್ತಿದ್ದ, ಒಂದೇ ಕಾರ್ಟ್ರಿಜ್ಜಿನಲ್ಲಿ ಲಕ್ಷ ಆಟಗಳಿವೆ ಎಂದು ಬೊಗಳೆ ಬಿಡುತ್ತಿದ್ದ ಪೆಟ್ಟಿಗೆಗಳಲ್ಲಿ ಬಹುಪಾಲು ಅದೇ ಕಂಪೆನಿಯ ‘ಫ್ಯಾಮಿಕಾಮ್’ ಯಂತ್ರದ ನಕಲುಗಳು. ಫ್ಯಾಮಿಕಾಮ್‌ನ ಮುಂದಿನ ತಲೆಮಾರಿನ ಯಂತ್ರ ‘ಸೂಪರ್ ಫ್ಯಾಮಿಕಾಮ್’. ಅದು ಜಪಾನಿನಲ್ಲಿ ಬಿಡುಗಡೆಯಾದದ್ದು 1990ರ ನವೆಂಬರಿನಲ್ಲಿ. ಇದರ ತಳಕ್ಕೆ ಜೋಡಿಸುವ ಒಂದು ಉಪಕರಣವನ್ನು ನಿಂಟೆಂಡೊ 1995ರ ಏಪ್ರಿಲ್ 23ರಂದು ಹೊರತಂದಿತು. ಹೆಸರು ‘ಸ್ಯಾಟೆಲಾವ್ಯೂ’. ಉಪಗ್ರಹದ ಸಂಕೇತ ಹಿಡಿಯುವ ಟ್ಯೂನರಿಗೆ ಇದನ್ನು ಸೇರಿಸಿದರೆ ಆಟಗಳು ಗಾಳಿಯಲ್ಲೇ ಬಂದು ಯಂತ್ರದೊಳಗೆ ಇಳಿಯುತ್ತಿದ್ದವು. ಮನೆಮನೆಗೆ ಇಂಟರ್ನೆಟ್ ಬರುವುದಕ್ಕೆ ಮುಂಚಿನ ಮಾತಿದು.

ಪ್ರಸಾರದ ಹೊಣೆ ಹೊತ್ತದ್ದು ‘ಸೇಂಟ್ ಗಿಗಾ’ ಎಂಬ ಉಪಗ್ರಹ ಬಾನುಲಿ ಸಂಸ್ಥೆ. 1990ರಲ್ಲಿ ಸ್ಥಾಪನೆಯಾದ ಈ ಸಂಸ್ಥೆಯದ್ದು ಲೋಕದಲ್ಲೆಲ್ಲೂ ಇಲ್ಲದ ರೀತಿ. ಸಮುದ್ರದ ಅಲೆ, ಹಕ್ಕಿಗಳ ಉಲಿ, ಹಿತವಾದ ಸಂಗೀತ ಇವನ್ನು ಗಂಟೆಗಟ್ಟಲೆ ಕೇಳಿಸುತ್ತಿತ್ತು. ಕಾರ್ಯಕ್ರಮಗಳ ಏರಿಳಿತವನ್ನು ಕಡಲಿನ ಭರತ ಇಳಿತಗಳಿಗೆ ಹೊಂದಿಸುತ್ತಿತ್ತು. ಕೇಳಲು ಸೊಗಸು, ಆದರೆ ಹಣ ಕೊಟ್ಟು ಕೇಳುವವರು ಸಾಕಷ್ಟು ಸಿಗಲಿಲ್ಲ. 1993ರಲ್ಲಿ ನಿಂಟೆಂಡೊ ಅದರ ಷೇರು ಕೊಂಡಿತು. ಬಾನುಲಿಗೆ ಹಣ ಬೇಕಿತ್ತು, ನಿಂಟೆಂಡೊಗೆ ಆಕಾಶ ಬೇಕಿತ್ತು. ಸಂಬಂಧ ಕುದುರಿದ್ದು ಹೀಗೆ.

ಸ್ಯಾಟೆಲಾವ್ಯೂ ಹೊತ್ತಿಸಿದರೆ ಪರದೆಯ ಮೇಲೆ ನೇರವಾಗಿ ಆಟಗಳ ಪಟ್ಟಿ ಬರುತ್ತಿರಲಿಲ್ಲ. ಒಂದು ಪುಟ್ಟ ಪಟ್ಟಣ ಕಾಣುತ್ತಿತ್ತು. ಆಡುವವನು ತನಗೊಂದು ಹೆಸರಿಟ್ಟುಕೊಂಡು, ಹುಡುಗನೋ ಹುಡುಗಿಯೋ ಆಗಿ ಬೀದಿ ಸುತ್ತಿ, ಒಂದೊಂದು ಕಟ್ಟಡದೊಳಗೆ ಹೊಕ್ಕು ಅಲ್ಲಿ ಸಿಗುವ ಆಟವನ್ನೋ ಪತ್ರಿಕೆಯನ್ನೋ ಇಳಿಸಿಕೊಳ್ಳಬೇಕು. ಆ ಪಟ್ಟಣದ ಕಥೆಯ ಹೆಸರೇ ‘ಹೆಸರು ಕಳವಾದ ಊರಿನ ಕಥೆ’. ಮುಂದೆ ಆದದ್ದನ್ನು ನೆನೆದರೆ ಈ ಹೆಸರಿಟ್ಟವರ ನಾಲಗೆಯ ಮೇಲೆ ಮಚ್ಚೆಯಿತ್ತೇನೋ ಎನಿಸುತ್ತದೆ.

ಇಳಿದ ಆಟ ಕೂರುತ್ತಿದ್ದುದು ‘ಮೆಮೊರಿ ಪ್ಯಾಕ್’ ಎಂಬ ಸಣ್ಣ ಕಾರ್ಟ್ರಿಜ್ಜಿನಲ್ಲಿ. ಅದರ ಸಾಮರ್ಥ್ಯ 8 ಮೆಗಾಬಿಟ್, ಅಂದರೆ ಒಂದು ಮೆಗಾಬೈಟ್. ಇಂದಿನ ಮೊಬೈಲಿನಲ್ಲಿ ತೆಗೆದ ಒಂದು ಫೋಟೊ ಸಾಮಾನ್ಯವಾಗಿ ಇದಕ್ಕಿಂತ ಹೆಚ್ಚು ಜಾಗ ತಿನ್ನುತ್ತದೆ. ಸ್ಲೇಟಿನಂತೆ ಅಳಿಸಿ ಬರೆಯುವ ವಸ್ತು ಇದು. ಹೊಸ ಆಟ ಬೇಕೆಂದರೆ ಜಾಗಕ್ಕಾಗಿ ಹಳೆಯದನ್ನು ಅಳಿಸಬೇಕಾಗುತ್ತಿತ್ತು. ಸಾಲದ್ದಕ್ಕೆ ಕೆಲವು ಆಟಗಳನ್ನು ಇಂತಿಷ್ಟು ಸಲ ಮಾತ್ರ ತೆರೆಯಬಹುದು ಎಂಬ ಕಟ್ಟುಪಾಡು. ಎಣಿಕೆ ಮುಗಿದ ಮೇಲೆ ಆಟ ಪ್ಯಾಕಿನಲ್ಲೇ ಇದ್ದರೂ ತೆರೆಯುತ್ತಿರಲಿಲ್ಲ. ಪ್ರಸಾರ ಮಾಡುವವರ ದೃಷ್ಟಿಯಿಂದ ಇದರಲ್ಲಿ ತಪ್ಪೇನಿಲ್ಲ. ನಿನ್ನೆಯ ಕಾರ್ಯಕ್ರಮ ನಿನ್ನೆಗೆ ಮುಗಿಯಿತು ಎಂಬುದೇ ಬಾನುಲಿಯ ಧರ್ಮ. ಆದರೆ ಅಂಗಡಿಯಿಂದ ಕೊಂಡ ಆಟದ ಕಾರ್ಟ್ರಿಜ್ ಮೂವತ್ತು ವರ್ಷ ಅಟ್ಟದ ಮೇಲೆ ಬಿದ್ದಿದ್ದರೂ ಧೂಳು ಕೊಡವಿ ಸಿಕ್ಕಿಸಿದರೆ ಬಹುತೇಕ ಆಡುತ್ತದೆ. ಅದರೊಳಗಿನ ಆಟ ಕಾರ್ಖಾನೆಯಲ್ಲೇ ಚಿಪ್ಪಿನಲ್ಲಿ ಅಚ್ಚಾದದ್ದು, ಅಳಿಸಲು ಬರುವುದಿಲ್ಲ. ಮೆಮೊರಿ ಪ್ಯಾಕಿನೊಳಗಿನದು ವಿದ್ಯುದಂಶದ ರೂಪದಲ್ಲಿ ಹಿಡಿದಿಟ್ಟ ಬರಹ. ಕಾಲ ಕಳೆದಂತೆ ಅದು ತಾನಾಗಿಯೇ ಸೋರಿ ಹೋಗುವ ಸಂಭವವಿದೆ.

ಇನ್ನು ಜೆಲ್ಡಾದಂಥ ಕಂತಿನ ಆಟಗಳ ಸಂಗತಿ. ಇವುಗಳಿಗೆ ‘ಸೌಂಡ್‌ಲಿಂಕ್’ ಆಟಗಳೆಂದು ಹೆಸರು. ಆಟದ ಚಿತ್ರ, ಲೆಕ್ಕಾಚಾರ ಇವೆಲ್ಲ ಪ್ಯಾಕಿನಲ್ಲಿ. ನಿರೂಪಕನ ಮಾತು, ಪಾತ್ರಗಳ ದನಿ, ಸಂಗೀತ ಮಾತ್ರ ಅದೇ ಗಳಿಗೆಯಲ್ಲಿ ಉಪಗ್ರಹದಿಂದ. ಆಕಾಶವಾಣಿಯ ನಾಟಕವೊಂದನ್ನು ಕೇಳುತ್ತ, ಅದರ ಪಾತ್ರವೊಂದನ್ನು ನಾವೇ ಮನೆಯಲ್ಲಿ ಕುಳಿತು ಅಭಿನಯಿಸಿದಂತೆ ಎಂದುಕೊಳ್ಳಿ. ಇಂಥ ನಿಮಿಷಕ್ಕೆ ದನಿಯೊಂದು ಎಚ್ಚರಿಕೆ ಹೇಳುತ್ತದೆ, ಇಂಥ ನಿಮಿಷಕ್ಕೆ ಸಹಾಯ ಒದಗುತ್ತದೆ; ಹೊಕ್ಕೈಡೊದಲ್ಲಿ ಆಡುವವನಿಗೂ ಒಸಾಕಾದಲ್ಲಿ ಆಡುವವನಿಗೂ ಅದೇ ಕ್ಷಣದಲ್ಲಿ. ಆಟಕ್ಕೆ ಜೀವ ತುಂಬಿದ್ದೇ ಈ ದನಿ. ಅದು ಪ್ಯಾಕಿನಲ್ಲಿ ದಾಖಲಾಗುತ್ತಲೇ ಇರಲಿಲ್ಲ.

ಅಮೆರಿಕದಲ್ಲಿ ನಿಂಟೆಂಡೊದ ಪ್ರತಿಸ್ಪರ್ಧಿ ಸೆಗಾ ಕಂಪೆನಿ 1994ರಿಂದ 1998ರವರೆಗೆ ಕೇಬಲ್ ಟಿವಿಯ ತಂತಿಯ ಮೂಲಕ ಆಟಗಳನ್ನು ಕಳುಹಿಸುತ್ತಿತ್ತು. ಅಲ್ಲಿ ಪರಿಸ್ಥಿತಿ ಇನ್ನೂ ಬಿಗಿ. ಸ್ವಿಚ್ ಆರಿಸಿದರೆ ಮನೆಯ ಯಂತ್ರದ ನೆನಪು ಖಾಲಿ.

ಸ್ಯಾಟೆಲಾವ್ಯೂ ಚಂದಾದಾರರ ಸಂಖ್ಯೆ 1997ರ ಹೊತ್ತಿಗೆ ಲಕ್ಷ ದಾಟಿತ್ತು. ಆದರೆ ಅಷ್ಟರಲ್ಲಿ ಸೂಪರ್ ಫ್ಯಾಮಿಕಾಮ್ ಹಳೆಯದಾಗಿತ್ತು. ಸೋನಿಯ ಪ್ಲೇಸ್ಟೇಷನ್ ಬಂದಿತ್ತು, ನಿಂಟೆಂಡೊದ ಸ್ವಂತ ಹೊಸ ಯಂತ್ರವೂ ಬಂದಿತ್ತು. 1999ರಲ್ಲಿ ನಿಂಟೆಂಡೊ ಕೈಬಿಟ್ಟಿತು. ಸೇಂಟ್ ಗಿಗಾ ಮರುಪ್ರಸಾರಗಳಲ್ಲಿ ಕಾಲ ತಳ್ಳಿ, 2000ದ ಜೂನ್ 30ರಂದು ಈ ಸೇವೆಯನ್ನು ನಿಲ್ಲಿಸಿತು. ಪಟ್ಟಣದ ಕಟ್ಟಡಗಳಲ್ಲಿ ಇಳಿಸಿಕೊಳ್ಳಲು ಇನ್ನೇನೂ ಉಳಿಯಲಿಲ್ಲ. ಸೂಪರ್ ಫ್ಯಾಮಿಕಾಮ್ ತಯಾರಿಕೆ 2003ರಲ್ಲಿ ನಿಂತಿತು.

ಇಲ್ಲೊಂದು ಕಾಕತಾಳೀಯವಿದೆ. ಪ್ರಕಟವಾದ ಪುಸ್ತಕದ ಪ್ರತಿಯೊಂದು ರಾಷ್ಟ್ರೀಯ ಗ್ರಂಥಾಲಯಕ್ಕೆ ಸಲ್ಲಬೇಕೆಂಬ ಕಾನೂನು ಅನೇಕ ದೇಶಗಳಲ್ಲಿ ಇದೆ, ಜಪಾನಿನಲ್ಲೂ ಇದೆ. ಅಲ್ಲಿನ ಸಂಸತ್ತಿಗೆ ಸೇರಿದ ರಾಷ್ಟ್ರೀಯ ಗ್ರಂಥಾಲಯವು ಸಿಡಿ ಮುಂತಾದ ರೂಪದ ಎಲೆಕ್ಟ್ರಾನಿಕ್ ಪ್ರಕಟಣೆಗಳನ್ನೂ ಈ ನಿಯಮದಡಿ ತೆಗೆದುಕೊಳ್ಳಲು ಆರಂಭಿಸಿದ್ದು 2000ದ ಅಕ್ಟೋಬರಿನಲ್ಲಿ. ವಿಡಿಯೋ ಗೇಮುಗಳಿಗೂ ಅಲ್ಲಿ ಜಾಗ ಸಿಕ್ಕಿತು. ಸ್ಯಾಟೆಲಾವ್ಯೂ ಕಣ್ಣು ಮುಚ್ಚಿ ಮೂರು ತಿಂಗಳಾಗಿತ್ತು. ಇನ್ನೂ ಬದುಕಿದ್ದರೂ ಪ್ರಯೋಜನವಿರಲಿಲ್ಲ ಎನ್ನಿ. ಕೈಯಲ್ಲಿ ಹಿಡಿದು ಕೊಡುವ ವಸ್ತುವಿಗೆ ಆ ನಿಯಮ, ಆಕಾಶದಿಂದ ಇಳಿದದ್ದಕ್ಕಲ್ಲ.

ಹಾಗಾದರೆ ಉಳಿಸಿದವರು ಯಾರು? ಸರ್ಕಾರವಲ್ಲ, ವಿಶ್ವವಿದ್ಯಾಲಯವಲ್ಲ. ಆಟದ ಹುಚ್ಚಿನ ಸಾಮಾನ್ಯ ಜನ. ಸೇವೆ ನಿಂತ ಮೇಲೆ ಮೆಮೊರಿ ಪ್ಯಾಕುಗಳು ಜಪಾನಿನ ಹಳೆ ಸಾಮಾನಿನ ಅಂಗಡಿಗಳಿಗೆ, ಹರಾಜಿಗೆ ಬಂದವು. ಅವನ್ನು ಕೊಂಡವರು ವಿಶೇಷ ಸಾಧನಕ್ಕೆ ಸಿಕ್ಕಿಸಿ, ಒಳಗಿನದನ್ನು ಒಂದು ಬಿಟ್ಟೂ ತಪ್ಪದಂತೆ ಕಂಪ್ಯೂಟರಿಗೆ ನಕಲು ಮಾಡಿಕೊಳ್ಳತೊಡಗಿದರು. ಈ ಕೆಲಸಕ್ಕೆ ಅವರು ಇಟ್ಟ ಹೆಸರು ‘ಡಂಪ್ ಮಾಡುವುದು’. ಒಂದೇ ಆಟ ಎರಡು ಪ್ಯಾಕುಗಳಲ್ಲಿ ಸಿಕ್ಕರೆ ಎರಡನ್ನೂ ಹೋಲಿಸಿ ನೋಡುತ್ತಾರೆ. ಹಳೆಯ ಓಲೆಗರಿಯ ಪಾಠಾಂತರ ಹಿಡಿಯುವ ಪಂಡಿತರದೂ ಇದೇ ಕ್ರಮ. ಒಂದರಲ್ಲಿ ಹುಳು ತಿಂದ ಅಕ್ಷರ ಇನ್ನೊಂದರಲ್ಲಿ ಉಳಿದಿರುತ್ತದೆ. ಅಳಿಸಿದೆ ಎಂದು ತೋರುವ ಪ್ಯಾಕಿನಲ್ಲೂ ಕೆಲವೊಮ್ಮೆ ಹಿಂದಿನ ಆಟದ ತುಣುಕು ಅಡಗಿ ಕುಳಿತಿರುವುದುಂಟು.

ನಕಲು ಮಾಡಿದ್ದನ್ನು ಆಡಲು ಎಮ್ಯುಲೇಟರ್ ಬೇಕು. ಅಂದರೆ ಹಳೆಯ ಯಂತ್ರದಂತೆಯೇ ನಟಿಸುವ ಕಂಪ್ಯೂಟರ್ ಪ್ರೋಗ್ರಾಂ. ಸ್ಯಾಟೆಲಾವ್ಯೂ ಆಟಗಳಿಗೆ ಅಷ್ಟೇ ಸಾಲದು. ಅವು ಉಪಗ್ರಹವನ್ನು ಕೇಳುತ್ತವೆ: ಈಗ ಗಂಟೆ ಎಷ್ಟು, ಪ್ರಸಾರ ಇದೆಯೇ ಎಂದು. ಉತ್ತರ ಬಾರದಿದ್ದರೆ ಮುಂದೆ ಹೋಗುವುದಿಲ್ಲ. ಆದ್ದರಿಂದ ಹವ್ಯಾಸಿಗಳು ಇಲ್ಲದ ಉಪಗ್ರಹದ ಪರವಾಗಿ ಸುಳ್ಳು ಉತ್ತರ ಕೊಡುವ ಏರ್ಪಾಟನ್ನೂ ಮಾಡಬೇಕಾಯಿತು. ಹೀಗೆ ಜೆಲ್ಡಾದ ಕಂತುಗಳು ಮತ್ತೆ ನಡೆದಾಡಿದವು, ಹೆಸರು ಕಳವಾದ ಊರಿನ ಬೀದಿಗಳು ಮತ್ತೆ ತೆರೆದವು.

ದನಿಯ ಗತಿ? ಅಂದು ಕೆಲವರು ಆಟ ಆಡುತ್ತಲೇ ವಿಸಿಆರ್‌ನಲ್ಲಿ ರೆಕಾರ್ಡ್ ಮಾಡಿಕೊಂಡಿದ್ದರು. ತಾವು ಆಡಿದ್ದು ನೆನಪಿಗಿರಲಿ ಎಂದೋ, ಗೆಳೆಯನಿಗೆ ತೋರಿಸೋಣವೆಂದೋ. ಆ ಕ್ಯಾಸೆಟ್ಟುಗಳೇ ಇಂದು ನಿರೂಪಕನ ಮಾತಿಗೆ ಆಕರ. ಆಡುವವನ ಬಾಣದ ಸದ್ದು, ಕತ್ತಿಯ ಸದ್ದು ಎಲ್ಲ ಆ ಮಾತಿನೊಂದಿಗೆ ಬೆರೆತಿದೆ. ಅಭಿಮಾನಿಗಳು ಅದನ್ನು ಕೇಳಿ ಬರೆದುಕೊಂಡು, ಇಂಗ್ಲಿಷಿನಲ್ಲಿ ಬೇರೆ ದನಿಗಳಿಂದ ಹೇಳಿಸಿ ಆಟಕ್ಕೆ ಜೋಡಿಸಿದ್ದೂ ಇದೆ. ಶ್ರಮವನ್ನು ಮೆಚ್ಚಬೇಕು, ಆದರೆ ಅದು ಜೀರ್ಣೋದ್ಧಾರ, ಮೂಲ ಗುಡಿಯಲ್ಲ. ಯಾರೂ ರೆಕಾರ್ಡ್ ಮಾಡದ ಪ್ರಸಾರಗಳ ದನಿ ಹೋದದ್ದು ಹೋಯಿತು. ಇದರಲ್ಲಿ ಇನ್ನೊಂದು ವಕ್ರತೆಯಿದೆ: ಜನ ತಮಗೆ ಪ್ರಿಯವಾದ ಆಟವನ್ನಷ್ಟೇ ಅಳಿಸದೆ ಇಟ್ಟುಕೊಂಡರು. ಆಟಗಳ ಜೊತೆಗೆ ಬರುತ್ತಿದ್ದ ಪತ್ರಿಕೆಗಳನ್ನು, ಪ್ರಕಟಣೆಗಳನ್ನು ಓದಿ ಅಳಿಸಿಬಿಟ್ಟರು. ಆ ದಿನಗಳನ್ನು ತಿಳಿಯಬಯಸುವ ಇತಿಹಾಸಕಾರನಿಗೆ ಬೇಕಾದದ್ದು ಬಹುಶಃ ಅದೇ.

ಈ ನಕಲು ಕಾನೂನಿಗೆ ಒಪ್ಪುತ್ತದೆಯೇ ಎಂಬ ಪ್ರಶ್ನೆ ಏಳುವುದು ಸಹಜ. ತಾನು ಕೊಂಡ ಪ್ರೋಗ್ರಾಂ ಹಾಳಾದೀತೆಂಬ ಮುನ್ನೆಚ್ಚರಿಕೆಗೆ ಒಂದು ಪ್ರತಿ ಇಟ್ಟುಕೊಳ್ಳಲು ಹಲವು ದೇಶಗಳ ಕಾನೂನು ಅವಕಾಶ ಕೊಡುತ್ತದೆ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಮಿನಲ್ಲೂ ಇಂಥ ಅವಕಾಶವಿದೆ. ಆದರೆ ಆ ಪ್ರತಿಯನ್ನು ಊರಿಗೆಲ್ಲ ಹಂಚುವುದು ಬೇರೆ ಮಾತು. ಹಕ್ಕು ಕಂಪೆನಿಯದು. ಕಂಪೆನಿ ಮಾರುವುದೂ ಇಲ್ಲ, ಹಂಚಲು ಬಿಡುವುದೂ ಇಲ್ಲ ಎಂದಾದಾಗ ಆಟ ತ್ರಿಶಂಕುವಾಗುತ್ತದೆ. ಕಳ್ಳ ನಕಲಿನಿಂದ ಕಂಪೆನಿಗಳಿಗೆ ನಷ್ಟವಾದದ್ದು ನಿಜ, ಅವರ ಸಿಟ್ಟಿಗೂ ಕಾರಣವಿದೆ. ಆದರೆ ಬೆಲೆಯೇ ಇಲ್ಲದ, ಎಲ್ಲೂ ಸಿಗದ ಆಟದ ನಕಲಿನಿಂದ ಯಾರ ಗಲ್ಲಾಪೆಟ್ಟಿಗೆ ಬರಿದಾಯಿತು ಎಂಬುದಕ್ಕೆ ಉತ್ತರ ಸಿಗುವುದು ಕಷ್ಟ.

‘ರಾಡಿಕಲ್ ಡ್ರೀಮರ್ಸ್’ ಇದಕ್ಕೆ ಒಳ್ಳೆಯ ಉದಾಹರಣೆ. 1996ರಲ್ಲಿ ಸ್ಕ್ವೇರ್ ಕಂಪೆನಿ ಸ್ಯಾಟೆಲಾವ್ಯೂಗಾಗಿ ಮಾಡಿದ, ಬಹುಪಾಲು ಓದುತ್ತಲೇ ಆಡುವ ಆಟ. ಕಥೆ ಬರೆದವರು ಮಸಾಟೊ ಕಾಟೊ. ಇದರ ಎಳೆಗಳನ್ನು ಹಿಡಿದು ಅದೇ ಕಂಪೆನಿ 1999ರಲ್ಲಿ ‘ಕ್ರೋನೊ ಕ್ರಾಸ್’ ಎಂಬ ಪ್ರಸಿದ್ಧ ಆಟ ತಂದಿತು. ಲೋಕವೆಲ್ಲ ಅದನ್ನು ಆಡಿತು, ಮೂಲವನ್ನು ಮಾತ್ರ ಜಪಾನಿನ ಹೊರಗೆ ಯಾರೂ ನೋಡಿರಲಿಲ್ಲ. ಅಭಿಮಾನಿಗಳು ಪ್ಯಾಕಿನಿಂದ ಹೊರತೆಗೆದ ಪ್ರತಿಯನ್ನು ತಾವೇ ಇಂಗ್ಲಿಷಿಗೆ ಅನುವಾದಿಸಿದರು. ಕಂಪೆನಿ ಅಧಿಕೃತವಾಗಿ ಅದನ್ನು ಮತ್ತೆ ಹೊರತಂದದ್ದು 2022ರ ಏಪ್ರಿಲಿನಲ್ಲಿ. ನಡುವಿನ ಅಷ್ಟೂ ವರ್ಷ ಅದನ್ನು ಜೀವಂತವಾಗಿಟ್ಟದ್ದು ಅನುಮತಿಯಿಲ್ಲದ ನಕಲು.

ಅಂಕಿಅಂಶ ಕೇಳುವವರಿಗೆ ಒಂದು ಲೆಕ್ಕವಿದೆ. ಅಮೆರಿಕದ ವಿಡಿಯೋ ಗೇಮ್ ಹಿಸ್ಟರಿ ಫೌಂಡೇಷನ್ 2023ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, 2010ಕ್ಕೆ ಮುಂಚೆ ಆ ದೇಶದಲ್ಲಿ ಬಿಡುಗಡೆಯಾದ ಆಟಗಳಲ್ಲಿ ನೂರಕ್ಕೆ 87 ಈಗ ಮಾರುಕಟ್ಟೆಯಲ್ಲಿ ಇಲ್ಲ. ಗ್ರಂಥಾಲಯಗಳು ತಮ್ಮಲ್ಲಿರುವ ಇಂಥ ಆಟಗಳನ್ನು ಸಂಶೋಧಕರಿಗೆ ದೂರದಿಂದಲೇ ಆಡಿ ನೋಡಲು ಕೊಡಲಿ ಎಂಬ ಮನವಿಯನ್ನು ಅಲ್ಲಿನ ಕೃತಿಸ್ವಾಮ್ಯ ಕಚೇರಿ 2024ರ ಅಕ್ಟೋಬರಿನಲ್ಲಿ ತಳ್ಳಿಹಾಕಿತು. ಮನರಂಜನೆಗೂ ಬಳಸಿಕೊಂಡಾರು ಎಂಬುದು ವಿರೋಧಿಸಿದವರ ಭಯ. ಆಟವನ್ನು ಯಾರಾದರೂ ಆಡಿಬಿಟ್ಟಾರು ಎಂಬ ಭಯ!

ಅದೇ 2023ರ ಮಾರ್ಚ್ 27ರಂದು ನಿಂಟೆಂಡೊ ತನ್ನ ‘3ಡಿಎಸ್’ ಮತ್ತು ‘ವೀ ಯು’ ಯಂತ್ರಗಳ ಆನ್‌ಲೈನ್ ಅಂಗಡಿಯ ಬಾಗಿಲು ಹಾಕಿತು. ಡಬ್ಬಿಯಲ್ಲಿ ಮಾರಾಟವಾಗದೆ ಅಲ್ಲಿ ಮಾತ್ರ ಸಿಗುತ್ತಿದ್ದ ಆಟಗಳನ್ನು ಹೊಸದಾಗಿ ಕೊಳ್ಳುವ ದಾರಿ ಅಂದಿಗೆ ಮುಚ್ಚಿತು. ಉಪಗ್ರಹ ಹೋಗಿ ಇಂಟರ್ನೆಟ್ ಬಂದಿದೆ. ಇಳಿಸಿಕೊಂಡವರ ಯಂತ್ರದಲ್ಲಿ ಉಳಿದಷ್ಟೇ ಉಳಿಯಿತು ಎಂಬ ಸ್ಥಿತಿ ಹಾಗೇ ಇದೆ.

ಮೆಮೊರಿ ಪ್ಯಾಕುಗಳು ಈಗಲೂ ಒಮ್ಮೊಮ್ಮೆ ಹರಾಜಿಗೆ ಬರುತ್ತವೆ. ಅಪರೂಪದ ವಸ್ತುವೆಂದು ಬೆಲೆ ಕಟ್ಟಿ ಕಪಾಟಿನಲ್ಲಿ ಇಡುವವರಿಗೂ, ನಕಲು ತೆಗೆದು ಎಲ್ಲರಿಗೂ ಸಿಗುವಂತೆ ಮಾಡಬೇಕೆನ್ನುವವರಿಗೂ ಅವುಗಳ ವಿಷಯದಲ್ಲಿ ಜಟಾಪಟಿ ನಡೆಯುತ್ತಿರುತ್ತದೆ. ಎಲ್ಲ ಪ್ಯಾಕುಗಳೂ ಹೊರನೋಟಕ್ಕೆ ಒಂದೇ ಥರ. ಹಳೆಯ ಒಡೆಯ ಚೀಟಿಯ ಮೇಲೆ ಪೆನ್ನಿನಲ್ಲಿ ಏನಾದರೂ ಗೀಚಿದ್ದರೆ ಉಂಟು. ಇಲ್ಲವಾದರೆ ಯಂತ್ರಕ್ಕೆ ಸಿಕ್ಕಿಸಿ ನೋಡುವವರೆಗೆ ಒಳಗಿರುವುದು ನೂರು ಸಲ ಸಿಕ್ಕ ಆಟವೋ, ಒಮ್ಮೆಯೂ ಸಿಗದ್ದೋ, ಖಾಲಿಯೋ ಗೊತ್ತಾಗುವುದಿಲ್ಲ.