ಕತ್ತರಿ ಹಿಡಿದವರ ಕಾಲ

ಕನ್ನಡ ಚಿತ್ರರಂಗದ ಬೀಡು ಮದರಾಸಿನಲ್ಲಿದ್ದ ಕಾಲವದು. ಕೋಡಂಬಾಕ್ಕಂನ ಸ್ಟುಡಿಯೋಗಳಲ್ಲಿ ಹುಟ್ಟಿದ ಚಿತ್ರ ಬೆಂಗಳೂರಿನ ಗಾಂಧಿನಗರದ ಹಂಚಿಕೆದಾರರ ಕೈಸೇರಿ, ಪಟ್ಟಣಗಳ ಓಟ ಮುಗಿಸಿ, ತಗಡಿನ ಡಬ್ಬಗಳಲ್ಲಿ ಕೊನೆಗೆ ಮದ್ದೂರು ಸೀಮೆಯ ಸಿನಿಮಾ ಟೆಂಟುಗಳನ್ನು ಮುಟ್ಟುತ್ತಿತ್ತು. ಬೆಸಗರಹಳ್ಳಿಯಂಥ ಊರುಗಳಿಂದ ಆಟಕ್ಕೆ ಬಂದು ನೆಲದ ಮೇಲೆ ಕೂತ ಒಕ್ಕಲುಮಕ್ಕಳಿಗೆ ನಟರ ಹೆಸರು ಬಾಯಿಪಾಠ, ಹಾಡಿದವರ ಹೆಸರೂ ಗೊತ್ತು. ಪರದೆಯ ಮೇಲೆ 'ಸಂಕಲನ' ಎಂಬ ಅಕ್ಷರ ಮೂಡುವಾಗ ಮಾತ್ರ ಅವರಿನ್ನೂ ಬೀಡಿ ಹಚ್ಚುತ್ತ, ಮಕ್ಕಳಿಗೆ ಜಾಗ ಮಾಡುತ್ತ ಇರುತ್ತಿದ್ದರು.

ಆಗ ಸಂಕಲನಕಾರನದು ಕತ್ತಲೆಕೋಣೆಯ ದುಡಿಮೆ. ಸೆಕೆಂಡಿಗೆ 24 ಚೌಕಟ್ಟು, ನಿಮಿಷಕ್ಕೆ 90 ಅಡಿ ಫಿಲ್ಮು. ಎರಡೂವರೆ ಗಂಟೆಯ ಚಿತ್ರವೆಂದರೆ ಹದಿಮೂರೂವರೆ ಸಾವಿರ ಅಡಿ. ಚಿತ್ರೀಕರಿಸಿದ್ದು ಅದರ ಎಷ್ಟೋ ಪಟ್ಟು. ಅಷ್ಟನ್ನೂ ಮೂವಿಯೋಲಾ ಎಂಬ ಸಂಕಲನ ಯಂತ್ರದಲ್ಲಿ ಹಿಂದೆಮುಂದೆ ಓಡಿಸಿ, ಮೇಣದ ಪೆನ್ಸಿಲಿನಿಂದ ಗುರುತು ಹಾಕಿ, ಕತ್ತರಿಸಿ, ಅಂಟಿಸಬೇಕಿತ್ತು. ಬೇಡದ ತುಂಡುಗಳಿಗೂ ನಂಬರು ಬರೆದು ತೂಗುಹಾಕಬೇಕಿತ್ತು. ನಾಳೆ ನಿರ್ದೇಶಕರು ಅದನ್ನೇ ಕೇಳಿಯಾರು.

1972ರಲ್ಲಿ ಪುಟ್ಟಣ್ಣ ಕಣಗಾಲರು ತ.ರಾ.ಸು. ಅವರ ಮೂರು ಕಾದಂಬರಿಗಳನ್ನು ಒಂದೇ ಚಿತ್ರದೊಳಕ್ಕೆ ತಂದು 'ನಾಗರಹಾವು' ಮಾಡಿದರು. ಸಂಕಲನ ವಿ.ಪಿ. ಕೃಷ್ಣ ಅವರದು. ಮದ್ದೂರು ತಾಲ್ಲೂಕಿನವರೇ ಆದ ದೊಡ್ಡರಸಿನಕೆರೆಯ ಅಂಬರೀಶ್ ಮೊದಲ ಬಾರಿ ಪರದೆಗೆ ಬಂದದ್ದು ಅದರಲ್ಲಿ, ಜಲೀಲನಾಗಿ. ಪಾತ್ರ ಚಿಕ್ಕದು. ಚಿಕ್ಕ ಪಾತ್ರವೊಂದು ಪರದೆಯ ಮೇಲೆ ಎಷ್ಟು ಹೊತ್ತು ನಿಲ್ಲಬೇಕು, ಯಾವ ನೋಟದ ಮೇಲೆ ಮರೆಯಾಗಬೇಕು ಎಂಬುದು ಇತ್ಯರ್ಥವಾಗುತ್ತಿದ್ದುದು ಮೂವಿಯೋಲಾದ ಮುಂದೆ. ನಮ್ಮ ಸೀಮೆ ತನ್ನ ಹುಡುಗನನ್ನು ಹೊತ್ತು ಮೆರೆಸಿತು. ಕೃಷ್ಣ ಅವರನ್ನು ಕೇಳಿದವರು ಕಡಿಮೆ. ಇದು ದೂರಲ್ಲ, ಆ ಕಸುಬಿನ ಜಾಯಮಾನವೇ ಹಾಗೆ.

'ನಾಗರಹಾವು'ಗಿಂತ ಎರಡು ವರ್ಷ ಮೊದಲು ಬಂದ 'ಸಂಸ್ಕಾರ'ದ ಕಥೆ ಬೇರೆ. ಅನಂತಮೂರ್ತಿಯವರ ಕಾದಂಬರಿ, ಗಿರೀಶ ಕಾರ್ನಾಡರ ಚಿತ್ರಕಥೆ, ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ. ಕ್ಯಾಮೆರಾ ಹಿಡಿದವರು ಆಸ್ಟ್ರೇಲಿಯಾದ ಟಾಮ್ ಕೋವನ್. ಸಂಕಲನದಲ್ಲೂ ಸ್ಟೀವನ್ ಕಾರ್ಟಾ ಎಂಬ ಹೊರನಾಡಿನವರ ಹೆಸರಿದೆ. ಮಲೆನಾಡಿನ ಅಗ್ರಹಾರವೊಂದರಲ್ಲಿ ಹೆಣವನ್ನು ಯಾರು ಸುಡಬೇಕೆಂಬ ಜಿಜ್ಞಾಸೆ ಇವರ ಕೈಯಲ್ಲಿ ಹದಕ್ಕೆ ಬಂತು. ಆಮೇಲೆ ಇನ್ನೊಂದು ಕತ್ತರಿ ಎದುರಾಯಿತು. ಮದರಾಸಿನ ಸೆನ್ಸಾರ್ ಮಂಡಳಿ ತುಂಡು ತೆಗೆಯುವ ಗೋಜಿಗೂ ಹೋಗದೆ ಇಡೀ ಚಿತ್ರವನ್ನೇ ತಡೆಹಿಡಿಯಿತು. ಕೇಂದ್ರ ಸರ್ಕಾರ ತಡೆ ತೆಗೆದ ಮೇಲೆ ಅದೇ ಚಿತ್ರ 1970ನೇ ಸಾಲಿನ ದೇಶದ ಶ್ರೇಷ್ಠ ಚಿತ್ರವೆನಿಸಿತು. ಕನ್ನಡಕ್ಕೆ ಆ ಗೌರವ ಅದೇ ಮೊದಲು.

ಸೆನ್ಸಾರಿನ ಕಾಟ ನಮ್ಮೊಬ್ಬರದಲ್ಲ. ಪೋಲೆಂಡಿನಲ್ಲಿ ಆಂದ್ರೇ ವಾಯ್ದಾ 'ಕನಾಲ್' (1957), 'ಆಶಸ್ ಅಂಡ್ ಡೈಮಂಡ್ಸ್' (1958) ಮಾಡಿದಾಗ ಎರಡನ್ನೂ ಸಂಕಲಿಸಿದವರು ಹಲೀನಾ ನಾವ್ರೋಟ್ಸ್ಕಾ ಎಂಬ ಹೆಣ್ಣುಮಗಳು. ಕಮ್ಯುನಿಸ್ಟ್ ಆಡಳಿತದ ಕಣ್ಗಾವಲಿನಲ್ಲೇ ಮಾಡಿದ ಕೆಲಸವದು. ವಾಯ್ದಾರ ಹೆಸರು ಜಗತ್ತು ಸುತ್ತಿತು. ಹಲೀನಾರ ಹೆಸರು ಅಲ್ಲಿಯೂ ಶೀರ್ಷಿಕೆಪಟ್ಟಿ ದಾಟಿ ಹೊರಬಂದದ್ದು ಅಪರೂಪ.

ಮದರಾಸಿನಲ್ಲಿ ಮುಗಿದ ಸಂಕಲನ ನಿಜಕ್ಕೂ ಮುಗಿಯುತ್ತಿದ್ದುದು ಟೆಂಟಿನಲ್ಲಿ. ಒಂದೇ ಪ್ರೊಜೆಕ್ಟರ್ ಇದ್ದ ಕಡೆ ರೀಲು ಬದಲಿಸುವಾಗ ಆಟ ನಿಲ್ಲುತ್ತಿತ್ತು. ಸವೆದ ಪ್ರಿಂಟು ಆಗಾಗ ಫಟ್ಟೆಂದು ಹರಿಯುತ್ತಿತ್ತು. ಸಿಳ್ಳೆ, ಕೂಗಾಟದ ನಡುವೆ ಆಪರೇಟರ್ ಹರಿದ ಅಂಚನ್ನು ಬ್ಲೇಡಿನಿಂದ ಕೊಯ್ದು, ಫಿಲ್ಮ್ ಸಿಮೆಂಟು ಸವರಿ ಅಂಟಿಸುತ್ತಿದ್ದ. ಪ್ರತಿ ಸಲವೂ ಒಂದೆರಡು ಚೌಕಟ್ಟು ಕಸದ ಪಾಲು. ಕಾಲಡಿ ಫಿಲ್ಮು ಹೋದರೆ ಮಾತಿನ ಬಾಲ ಹೋಗುತ್ತಿತ್ತು, ಅರ್ಧ ಅಡಿ ಹೋದರೆ ಹೊಡೆತ ಬೀಳುವ ಮೊದಲೇ ಖಳ ನೆಲಕ್ಕುರುಳುತ್ತಿದ್ದ. ಹೀಗೆ ಊರಿಂದೂರಿಗೆ ಗಿಡ್ಡವಾಗುತ್ತ ಹೋದ ಪ್ರಿಂಟು ಮತ್ತೆ ಡಬ್ಬ ಸೇರುತ್ತಿತ್ತು. ಅದರ ಉದ್ದವನ್ನು ಅಳೆದು ನೋಡುವ ಪುರಸೊತ್ತು ಗಾಂಧಿನಗರದಲ್ಲಿ ಯಾರಿಗಿತ್ತು? ಮುಂದಿನ ಊರಿನ ಟೆಂಟಿನವರು ಮುಂಗಡ ಕೊಟ್ಟು ಆಗಲೇ ಕಾಯುತ್ತಿದ್ದರು.